ಧ್ರುವ ಮಗುಚಿದ ಮೇಲೆ ಮಂಚ ಎತ್ತ?

ಇಪ್ಪತ್ನಾಲ್ಕನೆಯ ವಯಸ್ಸಿನಲ್ಲಿ ನಾನು ಒಂದು ಲೋಕದ ಉತ್ತರವನ್ನು ದಕ್ಷಿಣ ಮಾಡಿ, ದಕ್ಷಿಣವನ್ನು ಉತ್ತರ ಮಾಡಿ, ಅದಕ್ಕೆ ಸಂಬಳ ತೆಗೆದುಕೊಳ್ಳುತ್ತಿದ್ದೆ. ಹಾವೇರಿಯಲ್ಲಿ ಅಪ್ಪ ಕೇಳಿದವರಿಗೆಲ್ಲ ‘ಮಗ ಕೊಯಮತ್ತೂರಿನಲ್ಲಿ ಕಂಪ್ಯೂಟರಿನಲ್ಲಿದ್ದಾನೆ’ ಎಂದು ಹೇಳಿಕೊಂಡಿದ್ದರು. ಅದರೊಳಗೆ ಕೂತು ಏನು ಮಾಡುತ್ತಾನೆ ಅಂತ ಪುಣ್ಯಕ್ಕೆ ಯಾರೂ ಕೇಳಲಿಲ್ಲ. ಕೇಳಿದ್ದರೆ ಬಂದಿದ್ದ ಒಂದು ಹೆಣ್ಣಿನ ಸಂಬಂಧವೂ ತಪ್ಪಿಹೋಗುತ್ತಿತ್ತು. ಆಮೇಲೆ ಬೇರೆ ಕಾರಣಕ್ಕೆ ಅದು ತಪ್ಪಿತು ಬಿಡಿ.

ಮೊಬೈಲುಗಳಿಗೆ ಇನ್ನೂ ಒತ್ತುವ ಗುಂಡಿಗಳಿದ್ದ ಕಾಲ ಅದು. ಶರವಣಂಪಟ್ಟಿಯಲ್ಲಿ ಒಂದು ಜೆರಾಕ್ಸ್ ಅಂಗಡಿಯ ಮೇಲಿನ ಮಹಡಿಯಲ್ಲಿ ಹನ್ನೊಂದು ಜನ ಕೂತು ಮೊಬೈಲಿನ ಆಟಗಳನ್ನು ತಯಾರಿಸುತ್ತಿದ್ದೆವು. ನಾನು ಸೇರಿದ್ದು ಪ್ರೋಗ್ರಾಮ್ ಬರೆಯಲು. ನನ್ನ ಪ್ರೋಗ್ರಾಮುಗಳನ್ನು ಎರಡು ತಿಂಗಳು ನೋಡಿದ ಬಾಸು, ಕಂಪನಿಯ ಹಿತದೃಷ್ಟಿಯಿಂದ, ನನ್ನನ್ನು ಕತೆ ಬರೆಯಲು ಹಾಕಿದ. ಕತ್ತಿ ಹಿಡಿದ ಒಬ್ಬ ವೀರ, ಒಂದು ಮಾಯಾಲೋಕ, ಅದಕ್ಕೊಂದು ದೊಡ್ಡ ವಿಪತ್ತು ಬೇಕು ಅಂದ. ಪ್ರಳಯ, ಜ್ವಾಲಾಮುಖಿ, ರಾಕ್ಷಸ ಬೇಡ, ಅವನ್ನೆಲ್ಲ ಬೇರೆ ಕಂಪನಿಗಳವರು ಬಳಸಿ ಸವೆಸಿದ್ದಾರೆ ಅಂತಲೂ ಹೇಳಿದ.

ನಾನು ಧ್ರುವಗಳನ್ನು ಮಗುಚಿದೆ. ಆ ಲೋಕದ ಹೊಟ್ಟೆಯೊಳಗೆ ಕರಗಿದ ಕಬ್ಬಿಣದ ಒಂದು ನದಿ ಹರಿಯುತ್ತದೆ. ಹತ್ತೊಂಬತ್ತು ವರ್ಷಕ್ಕೊಮ್ಮೆ ಅದಕ್ಕೆ ಬೇಸರ ಬಂದು ಮಗ್ಗುಲು ಬದಲಿಸುತ್ತದೆ. ಮೂರು ದಿನ ದಿಕ್ಸೂಚಿಯ ಮುಳ್ಳುಗಳು ಫ್ಯಾನಿನ ಹಾಗೆ ಗಿರಗಿರ ತಿರುಗಿ, ನಾಲ್ಕನೆಯ ದಿನ ಉಲ್ಟಾ ನಿಲ್ಲುತ್ತವೆ. ಆ ಮೂರು ದಿನ ಹಕ್ಕಿಗಳು ಹಾರುವುದನ್ನು ನಂಬದೆ ನಡೆದುಕೊಂಡೇ ವಲಸೆ ಹೋಗುತ್ತವೆ. ಹಡಗುಗಳು ವ್ಯಾಪಾರಕ್ಕೆ ಹೊರಟು ಮನೆಗೇ ಬಂದು ಮುಟ್ಟುತ್ತವೆ. ಎಲ್ಲರ ಮನೆಬಾಗಿಲೂ ಉತ್ತರಕ್ಕಿರಬೇಕು ಅನ್ನುವುದು ಅಲ್ಲಿನ ರಾಜನ ಕಾನೂನು. ಹಾಗಾಗಿ ಶ್ರೀಮಂತರು ಹಿಂದಿನ ಗೋಡೆ ಒಡೆದು ಬಾಗಿಲು ಇಡಿಸುತ್ತಾರೆ, ಬಡವರು ಹಿತ್ತಿಲ ಬಾಗಿಲಿಗೆ ತೋರಣ ಕಟ್ಟಿ ಇದೇ ಮುಂಬಾಗಿಲು ಅನ್ನುತ್ತಾರೆ. ಜ್ಯೋತಿಷಿಗಳು ಮಾತ್ರ ಆ ವಾರ ಊರಲ್ಲಿರುವುದಿಲ್ಲ.

ಇಷ್ಟೆಲ್ಲ ಬರೆದಿದ್ದು ಹೆಬ್ಬೆರಳಗಲದ ಪರದೆಯ ಮೇಲೆ ನಕ್ಷೆಯೊಂದು ತಲೆಕೆಳಗಾಗಿ, ಎಡಕ್ಕೆ ಒಯ್ಯಬೇಕಾದ ನಾಲ್ಕನೇ ಗುಂಡಿ ಒತ್ತಿದರೆ ವೀರ ಬಲಕ್ಕೆ ಹೋಗುವುದಕ್ಕೆ. ಇದಕ್ಕೆ ಯಾಕಪ್ಪ ಇಷ್ಟುದ್ದ ಕತೆ ಅಂತ ಬಾಸು ಕೇಳಿದ. ಕತೆ ಇಲ್ಲದಿದ್ದರೆ ಆಡುವವನು ಮೊಬೈಲು ಕೆಟ್ಟಿದೆ ಅಂತ ರಿಪೇರಿಗೆ ಕೊಡುತ್ತಾನೆ ಅಂದೆ. ಅವನಿಗೆ ಅದು ಸರಿ ಕಂಡಿತು.

ನಾನು ಬಾಡಿಗೆಗಿದ್ದದ್ದು ಗಣಪತಿ ಬಡಾವಣೆಯ ಒಂದು ಓಣಿಯಲ್ಲಿ, ತಾರಸಿಯ ಮೇಲಿನ ಕೋಣೆಯಲ್ಲಿ. ಮನೆಯ ಮಾಲೀಕರು ಐವತ್ತೈದರ ಆಸುಪಾಸಿನ ಮೋಟಾರು ವೈಂಡರ್. ಸುಟ್ಟುಹೋದ ಪಂಪಿನ ಮೋಟಾರುಗಳನ್ನು ಬಿಚ್ಚಿ, ಹೊಸ ತಾಮ್ರದ ತಂತಿ ಸುತ್ತಿ ಕೊಡುವುದು ಅವರ ಕಸುಬು. ಮನೆಯ ಎದುರೇ, ಓಣಿಯ ಆಚೆ ಪಕ್ಕದಲ್ಲಿ ಅವರ ವರ್ಕ್‌ಶಾಪ್. ಬೆಳಕು ಕೈಯ ಮೇಲೆ ಬೀಳಲಿ ಅಂತ ಬೀದಿಗೆ ಬೆನ್ನು ಹಾಕಿ ಸ್ಟೂಲಿನ ಮೇಲೆ ಕೂತರೆ ಮಧ್ಯಾಹ್ನದ ಊಟಕ್ಕೇ ಏಳುವುದು. ಅವರದು ತಲೆಮಾರುಗಳ ಹಿಂದೆ ಈ ಕಡೆಗೆ ಬಂದ ನೇಕಾರರ ಮನೆತನ. ಮನೆಯೊಳಗೆ ಕನ್ನಡ, ಹೊಸ್ತಿಲು ದಾಟಿದರೆ ತಮಿಳು. ಕನ್ನಡ ಅಕ್ಷರ ಅವರಲ್ಲಿ ಒಬ್ಬರಿಗೂ ಓದಲು ಬಾರದು. ನಾನು ಬಾಡಿಗೆಗೆ ಕೇಳಿಕೊಂಡು ಹೋದ ದಿನ ನನ್ನ ಕನ್ನಡ ಕೇಳಿ ಅವರು, ನೀನು ರೇಡಿಯೋದಲ್ಲಿ ಸುದ್ದಿ ಓದ್ತೀಯಾ ಅಂತ ಕೇಳಿದ್ದರು. ನಾನು ಅವರನ್ನು ಅಣ್ಣ ಅನ್ನುತ್ತಿದ್ದೆ, ಅವರು ನನ್ನನ್ನು ತಂಬಿ ಅನ್ನುತ್ತಿದ್ದರು.

ಕೆಳಗಿನ ಹಾಲಿನಲ್ಲಿ ಅವರ ತಾಯಿ ಮಲಗಿದ್ದರು. ಉಡುಮಲೈಪೇಟೆ ಕಡೆಯಿಂದ ಸೊಸೆಯಾಗಿ ಬಂದು, ನಲವತ್ತು ವರ್ಷ ಮಗ್ಗದ ಗುಂಡಿಯಲ್ಲಿ ಕಾಲಿಟ್ಟು ನೇಯ್ದ ಅಜ್ಜಿ. ಬಚ್ಚಲಲ್ಲಿ ಜಾರಿ ಸೊಂಟದ ಮೂಳೆ ಮುರಿದು ಎರಡು ವರ್ಷವಾಗಿತ್ತು. ಎದ್ದು ಕೂರುವ ಆಸೆ ಬಿಡಿ ಅಂತ ಡಾಕ್ಟರು ಹೇಳಿಯಾಗಿತ್ತು. ಸೊಂಟದ ಕೆಳಗೆ ಏನೂ ಉಳಿದಿರಲಿಲ್ಲ, ಕತ್ತಿನ ಮೇಲೆ ಎಲ್ಲವೂ ಉಳಿದಿತ್ತು, ಅದರಲ್ಲೂ ನಾಲಿಗೆ.

ಸಂಜೆ ಆಫೀಸಿನಿಂದ ಬಂದವನು ಅವರ ಮಂಚದ ಪಕ್ಕದ ಕುರ್ಚಿಯಲ್ಲಿ ಅರ್ಧ ಗಂಟೆ ಕೂರುವುದು ರೂಢಿಯಾಯಿತು. ಏನು ಕೆಲಸ ಮಾಡ್ತೀಯ ಅಂತ ಅವರು ಕೇಳಿದರು. ಇಡೀ ಕೊಯಮತ್ತೂರಿನಲ್ಲಿ ಹಾಗೆ ಕೇಳಿದವರು ಅವರೊಬ್ಬರೇ, ಹಾಗಾಗಿ ನಿಜ ಹೇಳಿದೆ. ಅಜ್ಜಿ ನಗಲಿಲ್ಲ. ‘ನಿನ್ನ ಊರಲ್ಲಿ’ ಅಂತಲೇ ಶುರು ಮಾಡಿ ಒಂದೊಂದೇ ಪ್ರಶ್ನೆ ಹಾಕಿದರು. ಮಗುಚಿದ ದಿನ ಬಾವಿ ಅಲ್ಲೇ ಇರುತ್ತಾ? ಒಲೆ ಯಾವ ಮೂಲೆಗೆ ಹೋಗುತ್ತೆ? ಅರ್ಧ ನೇಯ್ದ ಸೀರೆ ಏನಾಗುತ್ತೆ? ಬಾಸು ಒಂದು ವರ್ಷದಲ್ಲಿ ಕೇಳದಷ್ಟು ಒಳ್ಳೆಯ ಪ್ರಶ್ನೆಗಳನ್ನು ಅಜ್ಜಿ ಒಂದು ವಾರದಲ್ಲಿ ಕೇಳಿದರು. ಅಣ್ಣ ಮಾತ್ರ ಒಮ್ಮೆ ನಿಂತು ಪೂರ್ತಿ ಕೇಳಿಸಿಕೊಂಡು, ಮೋಟಾರು ಉಲ್ಟಾ ತಿರುಗೋದೂ ಹೀಗೇ, ಯಾರೋ ನಿನ್ನ ಲೋಕಕ್ಕೆ ಕರೆಂಟಿನ ಫೇಸು ತಪ್ಪಾಗಿ ಕೊಟ್ಟಿದ್ದಾರೆ, ಮೂರು ವೈರಿನಲ್ಲಿ ಎರಡನ್ನು ಅದಲುಬದಲು ಮಾಡಿದರೆ ಸರಿಹೋಗುತ್ತೆ ಅಂತ ಹೇಳಿ ವರ್ಕ್‌ಶಾಪಿಗೆ ಹೋದರು.

ಒಂದು ಸಂಜೆ ಅಜ್ಜಿ, ತಮಿಳರ ಹಾಗೆ ಮುದ್ದಿನಿಂದ ‘ಕಣ್ಣು’ ಅಂತ ಕರೆದು, ಕೇಳಿದರು: “ಅಲ್ಲ ಕಣ್ಣು, ನಿನ್ನ ಊರಲ್ಲಿ ಮಂಚ ಯಾವ ಪಕ್ಕ ಹಾಕ್ಕಂತಾರೆ?”

ಈ ಪ್ರಶ್ನೆಯ ಬೇರು ಎಲ್ಲಿತ್ತು ಅಂತ ಹೇಳಬೇಕು. ಆ ಮನೆ ರೈಲು ಡಬ್ಬಿಯ ಹಾಗೆ ಉದ್ದಕ್ಕೆ, ಇಕ್ಕಟ್ಟಾಗಿತ್ತು. ಬೀದಿಬಾಗಿಲು ದಕ್ಷಿಣಕ್ಕೆ. ಮಂಚವನ್ನು ಉದ್ದಕ್ಕೆ ಮಾತ್ರ ಹಾಕಬಹುದಿತ್ತು, ಅಡ್ಡ ಹಾಕಿದರೆ ಅಡುಗೆಮನೆಗೆ ಹೋಗಲು ದಾರಿಯಿಲ್ಲ. ಉತ್ತರಕ್ಕೆ ತಲೆ ಹಾಕಿ ಮಲಗಬಾರದು ಅಂತ ನಮ್ಮಲ್ಲಿ ಹಾಲು ಕುಡಿಯುವ ಮಗುವಿಗೂ ಗೊತ್ತು. ಹಾಗೆ ಮಲಗಿದ್ದ ಆನೆಯ ತಲೆ ಏನಾಯಿತು ಅಂತಲೂ ಗೊತ್ತು. ಆದ್ದರಿಂದ ಅಜ್ಜಿಯ ತಲೆ ದಕ್ಷಿಣಕ್ಕೆ, ಬೀದಿಬಾಗಿಲ ಕಡೆಗೆ. ಅವರ ಕಣ್ಣು ಉತ್ತರದ ಗೋಡೆಗೆ. ಆ ಗೋಡೆಯ ಮೇಲೆ ಒಂದು ಕ್ಯಾಲೆಂಡರು, ಅದರ ಕೆಳಗೆ ಫ್ರಿಜ್ಜು. ಬೀದಿಯ ಸದ್ದೆಲ್ಲ ತಲೆಯ ಹಿಂದಿನಿಂದ ಬರುತ್ತಿತ್ತು, ನೋಟ ಒಂದೂ ಇಲ್ಲ. ಎರಡು ವರ್ಷ ಅವರು ಫ್ರಿಜ್ಜು ನೋಡಿಕೊಂಡು ಮಲಗಿದ್ದರು.

ಮಂಚ ತಿರುಗಿಸಿ, ಬೀದಿ ನೋಡ್ತೀನಿ ಅಂತ ಅಜ್ಜಿ ಕೇಳದ ದಿನವಿಲ್ಲ. ಅಣ್ಣ ಒಪ್ಪಿದ ದಿನವೂ ಇಲ್ಲ. ತಮಾಷೆಯೆಂದರೆ ಅಣ್ಣನಿಗೆ ತಾನು ಮೂಢನಂಬಿಕೆಯವನು ಅಂತ ಯಾರಾದರೂ ಅಂದರೆ ಸಿಟ್ಟು ಬರುತ್ತಿತ್ತು. ಇದು ಶಾಸ್ತ್ರ ಅಲ್ಲ, ಸಯನ್ಸ್ ಅನ್ನುತ್ತಿದ್ದರು. ಭೂಮಿ ಒಂದು ದೊಡ್ಡ ಮ್ಯಾಗ್ನೆಟ್ಟು, ರಕ್ತದಲ್ಲಿ ಕಬ್ಬಿಣ ಇದೆ, ತಲೆಯನ್ನು ಉತ್ತರಕ್ಕೆ ಇಟ್ಟರೆ ಕಬ್ಬಿಣವೆಲ್ಲ ತಲೆಗೇರಿ ಮುದುಕಿ ಮೂರೇ ದಿನಕ್ಕೆ ಹೋಗ್ತಾಳೆ. ಸೂರ್ಯ ಎಲ್ಲಿ ಹುಟ್ಟಿದರೆ ನಮಗೇನು ತಂಬಿ, ಮ್ಯಾಗ್ನೆಟ್ಟು ಎತ್ತ ಎಳೆಯುತ್ತೆ ಅನ್ನೋದೇ ಲೆಕ್ಕ. ರಕ್ತದ ಕಬ್ಬಿಣ ಆ ಜಾತಿಯದ್ದಲ್ಲ, ಮ್ಯಾಗ್ನೆಟ್ಟಿಗೆ ಅಂಟೋದಿಲ್ಲ ಅಂತ ನಾನು ವಾದ ಮಾಡಿದೆ. ಕೋಣನ ಮುಂದೆ ಕಿನ್ನರಿ ಬಾರಿಸಿದ ಹಾಗಾಯಿತು. ಉತ್ತರದ ಗೋಡೆಗೆ ದೊಡ್ಡ ಕನ್ನಡಿ ತೂಗುಹಾಕಿ ಅಂತ ಒಂದು ಉಪಾಯ ಹೇಳಿದೆ. ಹಾಕಿದರು. ಬೀದಿಯಲ್ಲಿ ಎಲ್ಲರೂ ಎಡಗೈಯಲ್ಲಿ ತಿನ್ನುತ್ತಿದ್ದಾರೆ ಅಂತ ಅಜ್ಜಿ ಅಸಹ್ಯಪಟ್ಟುಕೊಂಡರು. ಮೂರನೆಯ ದಿನ ಅಣ್ಣನ ಅಕ್ಕ ತಿರುಪ್ಪೂರಿನಿಂದ ಬಂದವರು, ಕನ್ನಡಿಗೆ ಮುಖ ಮಾಡಿ ಮಲಗಿಸ್ತೀರಾ, ಮನೆಗೆ ದರಿದ್ರ ಅಂತ ಅದನ್ನು ಇಳಿಸಿದರು.

ಈ ಅಕ್ಕ ಅಂದರೆ ಇಡೀ ಮನೆಗೆ ನಡುಕ. ಬನಿಯನ್ ಕಾರ್ಖಾನೆಯೊಂದರಲ್ಲಿ ಹೊಲಿಗೆಯವರ ಮೇಲೆ ಸೂಪರ್‌ವೈಸರ್ ಆಗಿದ್ದವರು, ತವರುಮನೆಯನ್ನೂ ಹಾಗೇ ನಡೆಸುತ್ತಿದ್ದರು. ತಿಂಗಳಿಗೊಂದು ಭಾನುವಾರ ಬಂದು, ತಾಯಿಗೆ ತಲೆ ಬಾಚಿ, ಹೊಸ ನೈಟಿ ತೊಡಿಸಿ, ತಮ್ಮನ ಹೆಂಡತಿಯ ಅಡುಗೆಯಲ್ಲಿ ಮೂರು ತಪ್ಪು ತೋರಿಸಿ ಹೋಗುತ್ತಿದ್ದರು.

ಹೀಗಿರುವಾಗ ಮಂಚದ ಪ್ರಶ್ನೆ ಬಂತು. ನನ್ನ ಊರಿನವರು ಮಂಚ ಯಾವ ಕಡೆ ಹಾಕಿಕೊಳ್ಳುತ್ತಾರೆ ಅಂತ ನಾನು ಯೋಚಿಸಿಯೇ ಇರಲಿಲ್ಲ. ಧ್ರುವ ಮಗುಚಿದ ದಿನ ಎಲ್ಲರೂ ಮಂಚ ತಿರುಗಿಸಿಕೊಳ್ಳುತ್ತಾರೆ, ಅದಕ್ಕಂತಲೇ ಮನೆಮನೆಗೆ ಬರುವ ಮಂಚ ತಿರುಗಿಸುವವರ ಒಂದು ಕುಲವೇ ಇದೆ ಅಂತ ಅಲ್ಲೇ ಹುಟ್ಟಿಸಿದೆ. ಅಜ್ಜಿ ಸ್ವಲ್ಪ ಹೊತ್ತು ಫ್ರಿಜ್ಜನ್ನೇ ನೋಡಿದರು. ಆಮೇಲೆ, ಧ್ರುವ ಮಗುಚಿದೆ ಅಂತ ಅವರಿಗೆ ಹೇಗೆ ಗೊತ್ತಾಗುತ್ತೆ ಅಂದರು. ದಿಕ್ಸೂಚಿಯ ಮುಳ್ಳು ನೋಡಿ ಅಂದೆ.

“ಆ ಮುಳ್ಳು ಒಂದು ತಗೊಂಡು ಬಾ. ಅದನ್ನ ಮಗುಚೋಕೆ ಆಗುತ್ತಾ ಕೇಳು.”

ಎಂಬತ್ತು ದಾಟಿದ ಹೆಂಗಸು, ಶಾಲೆಯ ಮೆಟ್ಟಿಲು ಹತ್ತದವರು, ನಾನು ಒಂದು ವರ್ಷ ಹೆಣಗಿ ಕಟ್ಟಿದ ಲೋಕವನ್ನು ತಮ್ಮ ಮಂಚದ ಕಾಲಿಗೆ ಕಟ್ಟಿಬಿಟ್ಟಿದ್ದರು. ನನಗೆ ಖುಷಿಯಾಯಿತು. ಆಟವನ್ನು ಯಾರು ಆಡುತ್ತಾರೋ ಇಲ್ಲವೋ, ಇಲ್ಲೊಬ್ಬರಿಗೆ ಅದು ಬೇಕಾಗಿದೆ ಅನ್ನಿಸಿತು.

ಗಾಂಧಿಪುರದಲ್ಲಿ ಒಂದು ಪುಟ್ಟ ದಿಕ್ಸೂಚಿ ಕೊಂಡುಕೊಂಡೆ. ಬಲವಾದ ಮ್ಯಾಗ್ನೆಟ್ಟು ತಾಗಿಸಿದರೆ ಮುಳ್ಳು ತನ್ನ ಧ್ರುವವನ್ನೇ ಬದಲಿಸುತ್ತದೆ ಅಂತ ಆಫೀಸಿನ ಒಬ್ಬ ಗೆಳೆಯ ಹೇಳಿಕೊಟ್ಟ. ಹಾಳಾದ ಸ್ಪೀಕರೊಂದರ ಹಿಂಭಾಗ ಕಿತ್ತು, ತಾರಸಿಯ ಕೋಣೆಯಲ್ಲಿ ಇಡೀ ಶನಿವಾರ ಮಧ್ಯಾಹ್ನ ಉಜ್ಜಿದೆ. ಮೊದಲು ಮುಳ್ಳು ತಲೆಕೆಟ್ಟು ಪೂರ್ವ ತೋರಿಸಿತು. ನಾಲ್ಕು ಗಂಟೆಯ ಹೊತ್ತಿಗೆ ಅದರ ಕೆಂಪು ತುದಿ ನಿಧಾನಕ್ಕೆ ತಿರುಗಿ ದಕ್ಷಿಣಕ್ಕೆ ನಿಂತಿತು. ಒಂದು ಲೋಕವನ್ನು ಬರೆದು ಮಗುಚುವುದಕ್ಕಿಂತ ಇದು ಕಷ್ಟದ ಕೆಲಸ.

ಮರುದಿನ ಊಟವಾದ ಮೇಲೆ ಹಾಲಿನಲ್ಲಿ ಅಣ್ಣನ ಮುಂದೆ ದಿಕ್ಸೂಚಿ ಇಟ್ಟೆ. ಭೂಮಿಯ ಧ್ರುವಗಳು ಹಿಂದೆಯೂ ಎಷ್ಟೋ ಸಲ ಮಗುಚಿವೆ, ಬಂಡೆಗಳಲ್ಲಿ ಅದರ ಗುರುತಿದೆ, ಈಗ ಮತ್ತೆ ಆಗಿಬಿಟ್ಟಿದೆ ಅಂತ ಆಟಕ್ಕೆ ಬರೆದಿಟ್ಟಿದ್ದ ಭಾಷಣವನ್ನು ಒಪ್ಪಿಸಿದೆ. ಅಜ್ಜಿ ಕಣ್ಣು ಮುಚ್ಚಿಕೊಂಡು, ನಿದ್ದೆ ಹೋದವರ ಹಾಗೆ, ಸ್ವಲ್ಪ ಜಾಸ್ತಿಯೇ ಗೊರಕೆ ಹೊಡೆಯುತ್ತಿದ್ದರು. ಅಣ್ಣ ದಿಕ್ಸೂಚಿ ತೆಗೆದುಕೊಂಡು ತಾರಸಿಗೆ ಹೋಗಿ ನೋಡಿದರು, ಬೀದಿಗೆ ಇಳಿದು ನೋಡಿದರು. ಯಾವತ್ತು ಆಯ್ತು ಇದು ಅಂದರು. ಗುರುವಾರ ಅಂದೆ. ಟೀವಿಯಲ್ಲಿ ಹೇಳಲಿಲ್ಲವಲ್ಲ ಅಂದರು. ಜನ ಗಾಬರಿ ಬೀಳ್ತಾರೆ ಅಂತ ಮುಚ್ಚಿಟ್ಟಿದ್ದಾರೆ ಅಂದೆ. ಅವರು ನನ್ನ ಮುಖವನ್ನು ಒಂದು ನಿಮಿಷ ನೋಡಿದರು. ಆಮೇಲೆ ಹೆಂಡತಿಯನ್ನು ಕರೆದರು. ಮೂವರೂ ಸೇರಿ ಅಜ್ಜಿಯನ್ನು ಹಾಸಿಗೆಸಮೇತ ಎತ್ತಿ, ದಿಂಬನ್ನು ಉತ್ತರದ ತುದಿಗೆ ಇಟ್ಟು ಮಲಗಿಸಿದೆವು.

ಅಜ್ಜಿ ಕಣ್ಣು ತೆರೆದರು. ಬೀದಿಬಾಗಿಲಿನ ಎರಡು ಕದಗಳಲ್ಲಿ ಒಂದಕ್ಕೆ ಸದಾ ಅಗುಳಿ. ಇನ್ನೊಂದು ಕದದ ಸಂದಿಯಷ್ಟೇ ಅವರ ಪಾಲಿಗೆ ಬಂದ ಬೀದಿ. ಅಷ್ಟಕ್ಕೇ ಅವರ ಮುಖ ಅರಳಿತು. ಪಕ್ಕದ ಕುರ್ಚಿಯಲ್ಲಿದ್ದ ನನಗೆ ಓರೆಯಾಗಿ ಮೂಲೆಯ ಬೇಕರಿ, ಬಸ್ಸಿಗೆ ಕಾಯುವ ಜನ, ಜಗಳಾಡುವ ಆಟೋದವರು ಕಾಣುತ್ತಿದ್ದರು. ಇದಕ್ಕೋಸ್ಕರವೇ ಈ ಮುದುಕಿ ಎರಡು ವರ್ಷ ಹಟ ಹಿಡಿದಿತ್ತು ಅಂದುಕೊಂಡೆ.

ಮರುದಿನ ಆಫೀಸಿಗೆ ಹೊರಟಾಗ ಅಣ್ಣ ವರ್ಕ್‌ಶಾಪಿನೊಳಗಿಂದ ಕೂಗಿದರು. ಅವರ ಕೈಯಲ್ಲಿ ನನ್ನ ದಿಕ್ಸೂಚಿ. ಒಂದು ಮೋಟಾರಿನ ಮ್ಯಾಗ್ನೆಟ್ಟನ್ನು ಅದರ ಮೇಲೆ ಒಮ್ಮೆ ಎಳೆದರು, ಮುಳ್ಳು ಉತ್ತರಕ್ಕೆ ತಿರುಗಿತು. ಇನ್ನೊಮ್ಮೆ ಎಳೆದರು, ದಕ್ಷಿಣಕ್ಕೆ. ನನಗೆ ಒಂದು ಮಧ್ಯಾಹ್ನ ಹಿಡಿದದ್ದು ಅವರಿಗೆ ಎರಡು ಸೆಕೆಂಡಿನ ಕೆಲಸ.

“ದಿನಾ ಮೋಟಾರ್ ಬಿಚ್ಚೋನಿಗೆ ಇದು ಗೊತ್ತಾಗಲ್ವಾ ತಂಬಿ? ನೋಡು, ಅವ್ವನಿಗೆ ಏನಾದ್ರೂ ಆದ್ರೆ, ತಿರುಗ್ಸಿದ್ದು ನೀನು ಅಂತ ಅಕ್ಕನ ಹತ್ರ ಹೇಳ್ತೀನಿ. ಆಯ್ತಾ?”

ಆಗ ಅರ್ಥವಾಯಿತು. ಈ ಮನುಷ್ಯನಿಗೆ ಕಬ್ಬಿಣದ ಭಯಕ್ಕಿಂತ ಅಕ್ಕನ ಭಯ ದೊಡ್ಡದು. ತಾಯಿಯನ್ನು ಉತ್ತರಕ್ಕೆ ತಲೆ ಹಾಕಿಸಿ ಕೊಂದ ಮಗ ಅನ್ನಿಸಿಕೊಳ್ಳುವುದು ಅವರಿಂದ ಆಗದು. ಹಾವೂ ಸಾಯಬೇಕು, ಕೋಲೂ ಮುರಿಯಬಾರದು. ಅದಕ್ಕೆ ಹೊರಗಿನವನೊಬ್ಬ ಬೇಕಿತ್ತು, ಹಾವೇರಿಯಿಂದ ನಾನು ಸರಿಯಾಗಿ ಬಂದು ಸಿಕ್ಕಿದ್ದೆ. ಸಿಟ್ಟೂ ಬಂತು, ನಗುವೂ ಬಂತು. ಆಯ್ತಣ್ಣ ಅಂದೆ.

ಅಕ್ಕ ಬರುವ ಭಾನುವಾರ ಬೆಳಿಗ್ಗೆ ಮಾತ್ರ ಮಂಚವನ್ನು ಹಳೆಯ ಹಾಗೆ ತಿರುಗಿಸುತ್ತಿದ್ದೆವು. ಅವರು ಬಸ್ಸು ಹತ್ತಿದರು ಅಂತ ಖಾತ್ರಿಯಾದ ಮೇಲೆ ಮತ್ತೆ ಹೊಸ ಹಾಗೆ. ನನ್ನ ಲೋಕದಲ್ಲಿ ಹತ್ತೊಂಬತ್ತು ವರ್ಷಕ್ಕೊಮ್ಮೆ ಆಗುತ್ತಿದ್ದದ್ದು ಗಣಪತಿ ಬಡಾವಣೆಯ ಆ ಮನೆಯಲ್ಲಿ ತಿಂಗಳಿಗೆ ಎರಡು ಸಲ ಆಗುತ್ತಿತ್ತು. ಮಂಚ ತಿರುಗಿಸುವವರ ಕುಲದಲ್ಲಿ ನಾವು ಮೂವರು. ಅಕ್ಕ ಬಂದ ದಿನ ಅಜ್ಜಿ ಫ್ರಿಜ್ಜಿನ ಕಡೆ ನೋಡುತ್ತ ಬಾಯಿಗೆ ಬೀಗ ಹಾಕಿಕೊಂಡಿರುತ್ತಿದ್ದರು. ಅವ್ವ ಯಾಕೋ ಮಂಕಾಗಿದ್ದಾಳೆ, ಸರಿಯಾಗಿ ನೋಡ್ಕೊಳ್ತಿಲ್ಲ ಅಂತ ಅಕ್ಕ ತಮ್ಮನ ಹೆಂಡತಿಗೆ ಬೈಯುತ್ತಿದ್ದರು. ಆ ಹೆಂಗಸಿನ ತಾಳ್ಮೆಗೆ ನಾನು ಇವತ್ತಿಗೂ ಕೈಮುಗಿಯುತ್ತೇನೆ.

ಒಂಬತ್ತು ತಿಂಗಳು ಹೀಗೆ ನಡೆಯಿತು. ಅಷ್ಟರಲ್ಲಿ ಆಟ ಬಿಡುಗಡೆಯಾಯಿತು. ನಕ್ಷೆ ತಲೆಕೆಳಗಾದ ಕೂಡಲೇ ಮೊಬೈಲು ಕೆಟ್ಟಿದೆ ಅಂದುಕೊಂಡು ಜನ ಆಫ್ ಮಾಡಿದರು. ಕತೆ ಓದಿದವರು ಯಾರೂ ಇರಲಿಲ್ಲ. ನಾನು ಅದನ್ನು ಅಜ್ಜಿಗೆ ಹೇಳಿದಾಗ, ನನಗೆ ಗೊತ್ತಲ್ಲ ಸಾಕು ಬಿಡು ಅಂದರು.

ಒಂದು ಶುಕ್ರವಾರ, ಹನ್ನೊಂದು ಗಂಟೆಯ ಹೊತ್ತಿಗೆ, ಅಜ್ಜಿ ಹೋದರು. ಸೊಸೆ ಗಂಜಿ ತಂದು ನೋಡಿದರೆ ಕಣ್ಣು ಬಾಗಿಲ ಕಡೆಗಿತ್ತು, ಉಸಿರಿರಲಿಲ್ಲ. ನನಗೆ ಫೋನು ಬಂದು ನಾನು ಓಡಿಬರುವಷ್ಟರಲ್ಲಿ ಓಣಿಯ ಹೆಂಗಸರು ಅವರನ್ನು ಕೆಳಗಿಳಿಸಿ ಚಾಪೆಯ ಮೇಲೆ ಮಲಗಿಸಿದ್ದರು. ಅಳುವುದರ ನಡುವೆ ಮಂಚ ತಿರುಗಿಸುವುದು ಯಾರಿಗೂ ನೆನಪಾಗಲಿಲ್ಲ. ದಿಂಬು ಉತ್ತರದ ತುದಿಯಲ್ಲೇ ಇತ್ತು, ತಲೆಯಿಟ್ಟ ಗುಳಿಯೂ ಅದರಲ್ಲಿತ್ತು.

ತಿರುಪ್ಪೂರಿನಿಂದ ಅಕ್ಕ ಬಂದರು. ತಾಯಿಯ ಎದೆಯ ಮೇಲೆ ಬಿದ್ದು ಅತ್ತರು. ಅಳುತ್ತಲೇ ತಲೆಯೆತ್ತಿದವರ ಕಣ್ಣಿಗೆ ದಿಂಬು ಬಿತ್ತು. ಅಳು ನಿಂತಿತು. ಹಾಲಿನಲ್ಲಿ ಇಪ್ಪತ್ತು ಜನ ನೆಂಟರಿದ್ದರು.

“ಯಾರು ಅವ್ವನ ಬಡಗಕ್ಕೆ ತಲೆ ಇಟ್ಟು ಮಲಗಿಸಿದ್ದು?”

ನನ್ನ ಭಾಷಣ ಸಿದ್ಧವಿತ್ತು. ಕೊಟ್ಟ ಮಾತಿನಂತೆ ಹಾಲಿನ ಮಧ್ಯಕ್ಕೆ ಒಂದು ಹೆಜ್ಜೆ ಇಟ್ಟೆ. ಅಣ್ಣ ನನ್ನ ಭುಜ ಹಿಡಿದು ಹಿಂದಕ್ಕೆ ಸರಿಸಿದರು.

“ನಾನೇ ಅಕ್ಕ. ಅವ್ವ ಬೀದಿ ನೋಡಬೇಕು ಅಂದ್ಲು. ನಾನೇ ತಿರುಗ್ಸಿದೆ.”

ಅಕ್ಕ ತಾಯಿಯ ಕಡೆಗೆ ತಿರುಗಿ ಕೂತರು. ಬೈದಿದ್ದರೆ ಎಷ್ಟೋ ವಾಸಿಯಿತ್ತು. ದಹನ ಮುಗಿಸಿ, ಸ್ನಾನ ಮಾಡಿ ಎಲ್ಲರೂ ಮನೆಗೆ ಬರುವವರೆಗೂ ಅವರು ತಮ್ಮನ ಜೊತೆ ಒಂದು ಮಾತೂ ಆಡಲಿಲ್ಲ. ಸಂಜೆಯ ಹೊತ್ತಿಗೆ ನೆಂಟರೆಲ್ಲ ಹೋದರು. ಈ ಮಂಚ ಮನೆಯೊಳಗೆ ಇರಬಾರದು, ಹೊರಗೆ ಹಾಕು ಅಂತ ಅಕ್ಕ ನನಗೆ ಹೇಳಿದರು, ತಮ್ಮನಿಗಲ್ಲ. ನಾನು ಒಂದು ಕಾಲು ಹಿಡಿದು ಎತ್ತುವಷ್ಟರಲ್ಲಿ ಅಣ್ಣ, ಇರು ಅಂದರು. ಬಂದು ಮಂಚದ ಮೇಲೆ ಮಲಗಿದರು. ಹಾಸಿಗೆಯಿಲ್ಲದ ಬರಿ ಹಲಗೆ, ಉತ್ತರಕ್ಕೆ ತಲೆ.

ಏಳೋ, ಹಂಗೆ ಮಲಗಬಾರದು ಅಂತ ಅಕ್ಕ ಗದರಿದರು. ಅವರು ಏಳಲಿಲ್ಲ. ಬಾಗಿಲ ಸಂದಿಯಿಂದ ಹೊರಗೆ ನೋಡುತ್ತಿದ್ದರು. ಬೇಕರಿ ಎಲ್ಲಿ ಕಾಣುತ್ತೆ ಅಂತ ನನ್ನನ್ನು ಕೇಳಿದರು. ನಾನು ಬಗ್ಗಿ, ಅವರ ತಲೆಯ ಪಕ್ಕಕ್ಕೆ ನನ್ನ ತಲೆ ತಂದು ನೋಡಿದೆ. ಬೇಕರಿ ಕಾಣಲಿಲ್ಲ, ಬಸ್ಸಿಗೆ ಕಾಯುವವರು ಕಾಣಲಿಲ್ಲ. ಅದೆಲ್ಲ ನನ್ನ ಕುರ್ಚಿಗೆ ಕಾಣುತ್ತಿದ್ದದ್ದು. ಮಲಗಿದವರಿಗೆ ಆ ಸಂದಿಯಲ್ಲಿ ಕಾಣುತ್ತಿದ್ದದ್ದು ಓಣಿಯಾಚೆಯ ವರ್ಕ್‌ಶಾಪ್ ಒಂದೇ. ಅದರ ಷಟರು ಅವತ್ತು ಮುಚ್ಚಿತ್ತು.

“ತಂಬಿ, ಹೋಗಿ ಷಟರ್ ಎತ್ತು” ಅಂದರು.

ಓಣಿ ದಾಟಿ ಹೋಗಿ ಎತ್ತಿದೆ. ಒಳಗೆ, ಬಾಗಿಲಿಗೆ ನೇರವಾಗಿ, ಅವರು ಬೀದಿಗೆ ಬೆನ್ನು ಹಾಕಿ ಕೂರುತ್ತಿದ್ದ ಸ್ಟೂಲು ಇತ್ತು. ಒಂಬತ್ತು ತಿಂಗಳು ಅಜ್ಜಿ ನೋಡಿದ್ದು ಮಗನ ಬೆನ್ನನ್ನು, ಮಗ ಒಂದು ಸಲವೂ ತಿರುಗಿ ನೋಡಿರಲಿಲ್ಲ. ನಾನು ಅಲ್ಲೇ ನಿಂತು ಮನೆಯ ಕಡೆ ನೋಡಿದೆ. ಅಣ್ಣ ಮಲಗಿದ್ದಲ್ಲೇ ಎರಡೂ ಕೈಗಳಿಂದ ಮುಖ ಮುಚ್ಚಿಕೊಂಡಿದ್ದರು. ಅಕ್ಕ ಮೂಲೆಯಲ್ಲಿ ಬಿದ್ದಿದ್ದ ದಿಂಬು ತಂದು, ತಮ್ಮನ ತಲೆಯನ್ನು ಒಂದು ಕೈಯಲ್ಲಿ ಎತ್ತಿ, ಅದರ ಕೆಳಗೆ ಇಟ್ಟು, ಪಕ್ಕದ ಕುರ್ಚಿಯಲ್ಲಿ ಕೂತರು.